ಉರಿಮೂತ್ರಕ್ಕೆ ಯಾವ ಆ್ಯಂಟಿಬಯೋಟಿಕ್? ಐದು ಬಗೆಯ ಔಷಧಿಗಳನ್ನು ಪಕ್ಕಪಕ್ಕ ಇಟ್ಟು ನೋಡೋಣ

"ಅಕ್ಕ, ಉರಿಮೂತ್ರ ಆಗಿದೆ. ಸ್ವಲ್ಪ ಪವರ್ ಇರೋ ಮಾತ್ರೆ ಕೊಡಿ."

ನಾನು ಫಾರ್ಮಸಿಸ್ಟ್. ಔಷಧಿ ಅಂಗಡಿಯ ಕೌಂಟರಿನಲ್ಲಿ ವಾರಕ್ಕೆ ಎರಡು ಮೂರು ಸಲವಾದರೂ ಈ ಮಾತು ಕೇಳುತ್ತೇನೆ. ಹೆಂಗಸರು ಅಂಗಡಿಯಲ್ಲಿ ಯಾರೂ ಇಲ್ಲದ ಹೊತ್ತು ನೋಡಿಕೊಂಡು ಬರುತ್ತಾರೆ. ಮೆಲ್ಲಗೆ ಕೇಳುತ್ತಾರೆ. ಬೇಗ ಹೊರಟುಬಿಡಬೇಕು ಅಂತ ಚಡಪಡಿಸುತ್ತಾರೆ. ಆ ಸಂಕೋಚ ನನಗೆ ಅರ್ಥವಾಗುತ್ತದೆ. ಆದರೆ "ಪವರ್" ಅನ್ನೋ ಆ ಪದ ಕೇಳಿದಾಗ ಭಯವಾಗುತ್ತದೆ. ಮೂತ್ರದ ಸೋಂಕಿಗೆ ಔಷಧಿ ಆರಿಸುವಾಗ ನೋಡಬೇಕಾದದ್ದು ಮೂರು. ಸೋಂಕು ಎಲ್ಲಿದೆ? ಆ ಔಷಧಿ ಅಲ್ಲಿಗೆ ತಲುಪುತ್ತದೆಯೇ? ನಿಮ್ಮ ದೇಹದಲ್ಲಿ ಬೇರೆ ಏನು ಕಾಯಿಲೆ, ಯಾವ ಮಾತ್ರೆ ನಡೆಯುತ್ತಿದೆ?

ಔಷಧಿ ಬರೆದುಕೊಡುವುದು ವೈದ್ಯರ ಕೆಲಸ. ಇದನ್ನು ಓದಿ ನೀವೇ ಅಂಗಡಿಗೆ ಹೋಗಿ ಕೊಳ್ಳಿ ಅಂತ ನಾನು ಹೇಳುತ್ತಿಲ್ಲ. ಆದರೆ ಅವರು ಇದನ್ನೇ ಏಕೆ ಬರೆದರು, ನೀವು ಯಾವ ವಿಷಯ ಹೇಳಿದ್ದರೆ ಬೇರೆಯದನ್ನು ಬರೆಯುತ್ತಿದ್ದರು ಎಂಬುದು ನಿಮಗೆ ಗೊತ್ತಿರಬೇಕು.

ಮೊದಲು ಜಾಗ ಗೊತ್ತಾಗಲಿ

ಒಂದಕ್ಕೆ ಹೋಗುವಾಗ ಉರಿ, ಪದೇ ಪದೇ ಹೋಗಬೇಕು ಅನ್ನಿಸುವುದು, ಹೋದರೆ ನಾಲ್ಕು ಹನಿ, ಕಿಬ್ಬೊಟ್ಟೆಯಲ್ಲಿ ನೋವು. ಇಷ್ಟೇ ಇದ್ದರೆ ಸೋಂಕು ಬಹುಶಃ ಮೂತ್ರಕೋಶದಲ್ಲಿದೆ. ಹೆಚ್ಚಿನ ಸಲ ಇದಕ್ಕೆ ಕಾರಣ ಇ. ಕೋಲಿ ಎಂಬ ಬ್ಯಾಕ್ಟೀರಿಯಾ. ನಮ್ಮ ಕರುಳಿನಲ್ಲೇ ಇರುವಂಥದ್ದು. ಹೆಂಗಸರಲ್ಲಿ ಮೂತ್ರನಾಳ ಗಿಡ್ಡ, ಹಾಗಾಗಿ ಅದು ಮೇಲೆ ಹತ್ತುವುದು ಸುಲಭ. ಇದರಲ್ಲಿ ನಾಚಿಕೆ ಪಡುವಂಥದ್ದು ಏನೂ ಇಲ್ಲ.

ಇದರ ಜೊತೆಗೆ ಜ್ವರ, ಚಳಿ ನಡುಕ, ಬೆನ್ನಿನ ಒಂದು ಪಕ್ಕದಲ್ಲಿ ಪಕ್ಕೆಲುಬಿನ ಕೆಳಗೆ ನೋವು ಅಥವಾ ವಾಂತಿ ಇದ್ದರೆ ಸೋಂಕು ಕಿಡ್ನಿಗೆ ಏರಿರಬಹುದು. ಆಗ ಲೆಕ್ಕವೇ ಬೇರೆ. ಮುಂದೆ ನಾನು ಮೊದಲ ಆಯ್ಕೆ ಅಂತ ಹೇಳುವ ಎರಡು ಔಷಧಿಗಳೂ ಅಲ್ಲಿ ಕೆಲಸಕ್ಕೆ ಬರುವುದಿಲ್ಲ. ಅವತ್ತೇ ಆಸ್ಪತ್ರೆಗೆ ಹೋಗಬೇಕು. ರಾತ್ರಿಯಾದರೂ ಸರಿ.

ಇನ್ನೊಂದು ಮಾತು. ಉರಿಯ ಜೊತೆ ತುರಿಕೆ, ಬಿಳಿ ಸ್ರಾವ ಇದ್ದರೆ ಅದು ಮೂತ್ರದ ಸೋಂಕು ಅಲ್ಲದೆಯೂ ಇರಬಹುದು. ಯೋನಿಯ ಫಂಗಸ್ ಸೋಂಕಿನಲ್ಲೂ ಉರಿ ಇರುತ್ತದೆ. ಸಕ್ಕರೆ ಕಾಯಿಲೆಗೆ ಡಾಪಾಗ್ಲಿಫ್ಲೋಜಿನ್, ಎಂಪಾಗ್ಲಿಫ್ಲೋಜಿನ್ ತೆಗೆದುಕೊಳ್ಳುವವರು ಇದನ್ನು ಚೆನ್ನಾಗಿ ನೆನಪಿಡಿ. ಆ ಮಾತ್ರೆಗಳು ಸಕ್ಕರೆಯನ್ನು ಮೂತ್ರದಲ್ಲಿ ಹೊರಗೆ ಹಾಕುತ್ತವೆ, ಅದರಿಂದ ಫಂಗಸ್ ಜಾಸ್ತಿ ಬೆಳೆಯುತ್ತದೆ. ಅಂಥವರು ಆ್ಯಂಟಿಬಯೋಟಿಕ್ ನುಂಗಿದರೆ ತುರಿಕೆ ಇನ್ನೂ ಹೆಚ್ಚಾಗುತ್ತದೆ.

"ಉಷ್ಣ ಆಗಿದೆ" ಅಂತ ಎಳನೀರು, ಬಾರ್ಲಿ ನೀರು ಕುಡಿದು ಒಂದು ದಿನ ನೋಡುವವರು ನಮ್ಮಲ್ಲಿ ತುಂಬಾ ಜನ. ಅದನ್ನು ನಾನು ಪೂರ್ತಿ ತಳ್ಳಿಹಾಕುವುದಿಲ್ಲ. ಬಿಸಿಲಲ್ಲಿ ನೀರು ಕಡಿಮೆಯಾಗಿ ಮೂತ್ರ ಗಟ್ಟಿಯಾದರೂ ಉರಿಯುತ್ತದೆ. ನಿಜವಾದ ಸೋಂಕೂ ಕೆಲವೊಮ್ಮೆ ತಾನಾಗಿಯೇ ಇಳಿಯುತ್ತದೆ. ಜರ್ಮನಿಯಲ್ಲಿ ನಡೆದು 2015ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ಕೆಲವು ಹೆಂಗಸರಿಗೆ ಆ್ಯಂಟಿಬಯೋಟಿಕ್ ಬದಲು ನೋವಿನ ಮಾತ್ರೆ ಐಬುಪ್ರೊಫೆನ್ ಮಾತ್ರ ಕೊಟ್ಟರು. ಅವರಲ್ಲಿ ಸುಮಾರು ಮೂರನೇ ಎರಡು ಭಾಗ ಜನರಿಗೆ ಆಮೇಲೂ ಆ್ಯಂಟಿಬಯೋಟಿಕ್ ಬೇಕಾಗಲಿಲ್ಲ. ಆದರೆ ಅವರಿಗೆ ಉರಿ, ನೋವು ಹೆಚ್ಚು ದಿನ ಇತ್ತು. ಕಿಡ್ನಿ ಸೋಂಕು ಆದ ಕೆಲವರೂ ಆ ಗುಂಪಿನಲ್ಲೇ ಜಾಸ್ತಿ ಕಂಡರು. ಹಾಗಾಗಿ ಬೇರೆ ಕಾಯಿಲೆ ಇಲ್ಲದ, ಗರ್ಭಿಣಿ ಅಲ್ಲದ ಹೆಂಗಸಿಗೆ ಸಣ್ಣ ಉರಿ ಇದ್ದರೆ ಒಂದು ದಿನ ನೀರು ಕುಡಿದು ನೋಡುವುದು ತಪ್ಪಲ್ಲ. ಗರ್ಭಿಣಿಯರು, ಗಂಡಸರು, ಮಕ್ಕಳು, ಸಕ್ಕರೆ ಕಾಯಿಲೆ ಅಥವಾ ಕಿಡ್ನಿ ತೊಂದರೆ ಇರುವವರು ಹಾಗೆ ಕಾಯಬಾರದು.

ನೈಟ್ರೋಫ್ಯುರಾಂಟಾಯಿನ್: ಮೂತ್ರಕೋಶಕ್ಕೇ ಮೀಸಲಾದ ಮಾತ್ರೆ

ಇದು 1953ರಿಂದ ಬಳಕೆಯಲ್ಲಿದೆ. ಎಪ್ಪತ್ತು ವರ್ಷ ದಾಟಿದ ಔಷಧಿ. ಹಳೆಯದು ಅಂದರೆ ಪವರ್ ಇಲ್ಲದ್ದು ಅಂತ ಅಂದುಕೊಳ್ಳುವವರಿಗೆ ನಾನು ಮೊದಲು ಇದನ್ನೇ ತೋರಿಸುವುದು.

ಇದರ ಗುಣ ವಿಚಿತ್ರ. ನುಂಗಿದ ಮೇಲೆ ರಕ್ತದಲ್ಲಿ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ಕಿಡ್ನಿ ಅದನ್ನು ಬೇಗ ಸೋಸಿ ಮೂತ್ರಕ್ಕೆ ತಳ್ಳುತ್ತದೆ. ಅಲ್ಲಿ ಅದು ದಟ್ಟವಾಗಿ ಸೇರುತ್ತದೆ. ಬ್ಯಾಕ್ಟೀರಿಯಾ ಅದನ್ನು ಒಳಗೆ ಎಳೆದುಕೊಂಡಾಗ ಅದು ಒಂದೇ ಕಡೆ ಹೊಡೆಯುವುದಿಲ್ಲ, ಏಕಕಾಲಕ್ಕೆ ಹಲವು ಕಡೆ ಹೊಡೆಯುತ್ತದೆ. ಅದಕ್ಕೇ ಇಷ್ಟು ವರ್ಷವಾದರೂ ಇ. ಕೋಲಿ ಇದಕ್ಕೆ ಅಷ್ಟಾಗಿ ಒಗ್ಗಿಕೊಂಡಿಲ್ಲ. ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ, ಅಂದರೆ ಐಸಿಎಂಆರ್, ದೊಡ್ಡ ಆಸ್ಪತ್ರೆಗಳಿಂದ ಸಂಗ್ರಹಿಸುವ ಮಾಹಿತಿಯಲ್ಲೂ ಮೂತ್ರದ ಇ. ಕೋಲಿಯ ಮೇಲೆ ಇನ್ನೂ ಚೆನ್ನಾಗಿ ಕೆಲಸ ಮಾಡುವ ಬಾಯಿ ಔಷಧಿಗಳು ಇದು ಮತ್ತು ಫಾಸ್ಫೋಮೈಸಿನ್. ಕರುಳಿನ ಒಳ್ಳೆಯ ಬ್ಯಾಕ್ಟೀರಿಯಾಕ್ಕೂ ಇದರಿಂದ ಹಾನಿ ಕಡಿಮೆ.

ಇದರ ಮಿತಿಯೂ ಅದೇ ಗುಣದಿಂದ ಬಂದದ್ದು. ರಕ್ತದಲ್ಲಿ ನಿಲ್ಲದ ಮಾತ್ರೆ ಕಿಡ್ನಿಯ ಮಾಂಸದೊಳಗೆ ಇಳಿಯುವುದಿಲ್ಲ, ಗಂಡಸರ ಪ್ರಾಸ್ಟೇಟ್ ಗ್ರಂಥಿಗೂ ಇಳಿಯುವುದಿಲ್ಲ. ಆದ್ದರಿಂದ ಜ್ವರ, ಬೆನ್ನುನೋವು ಇದ್ದವರಿಗೆ ಇದು ಬೇಡ. ಕಿಡ್ನಿ ಸರಿಯಾಗಿ ಸೋಸದಿದ್ದರೆ ಔಷಧಿ ಮೂತ್ರಕ್ಕೆ ಬರುವುದೇ ಇಲ್ಲ. ದೇಹದಲ್ಲೇ ಉಳಿದು ನರಗಳಿಗೆ ತೊಂದರೆ ಕೊಡುತ್ತದೆ. ರಕ್ತಪರೀಕ್ಷೆಯ ವರದಿಯಲ್ಲಿ ಕ್ರಿಯಾಟಿನಿನ್ ಪಕ್ಕ ಇಜಿಎಫ್‌ಆರ್ ಅಂತ ಒಂದು ಸಂಖ್ಯೆ ಇರುತ್ತದೆ, ಕಿಡ್ನಿ ಎಷ್ಟು ಚೆನ್ನಾಗಿ ಸೋಸುತ್ತಿದೆ ಅಂತ ಹೇಳುವುದು. ಅದು 45ಕ್ಕಿಂತ ಕಡಿಮೆ ಇದ್ದರೆ ಸಾಮಾನ್ಯವಾಗಿ ಇದನ್ನು ಕೊಡುವುದಿಲ್ಲ ಎನ್ನುತ್ತದೆ ಬ್ರಿಟನ್ನಿನ ಸೂಚನೆ. 30ರಿಂದ 44ರ ನಡುವೆ ಇದ್ದರೆ, ಬೇರೆ ದಾರಿ ಇಲ್ಲದಾಗ ಮಾತ್ರ ವೈದ್ಯರು ಕೆಲವೇ ದಿನಗಳಿಗೆ ಕೊಡಬಹುದು. ವಯಸ್ಸಾದವರ ಮನೆಯಲ್ಲಿ ಆ ವರದಿ ಕೈಗೆ ಸಿಗುವ ಹಾಗೆ ಇಟ್ಟುಕೊಳ್ಳಿ.

ಸಾಮಾನ್ಯವಾಗಿ ಬರೆಯುವುದು 100 ಮಿಲಿಗ್ರಾಂನ ನಿಧಾನವಾಗಿ ಬಿಡುವ ಮಾತ್ರೆ ಅಥವಾ ಕ್ಯಾಪ್ಸೂಲ್, ದಿನಕ್ಕೆ ಎರಡು, 5 ದಿನ. ಊಟದ ಜೊತೆಗೇ ತೆಗೆದುಕೊಳ್ಳಿ. ಖಾಲಿ ಹೊಟ್ಟೆಯಲ್ಲಿ ನುಂಗಿದರೆ ವಾಕರಿಕೆ ಬರುತ್ತದೆ. ಊಟ ಇದ್ದರೆ ಔಷಧಿ ಹೀರಿಕೊಳ್ಳುವುದೂ ಚೆನ್ನಾಗಿರುತ್ತದೆ. ಕಡಿಯಬೇಡಿ, ಪುಡಿ ಮಾಡಬೇಡಿ. ಮೂತ್ರ ಗಾಢ ಹಳದಿ ಅಥವಾ ಕಂದು ಬಣ್ಣಕ್ಕೆ ತಿರುಗಬಹುದು, ಹೆದರಬೇಡಿ, ಅದು ಮಾತ್ರೆಯ ಬಣ್ಣ.

ಒಂದು ವಿಷಯವನ್ನು ನಾನು ಒತ್ತಿ ಹೇಳಬೇಕು. ನಮ್ಮಲ್ಲಿ ಉರಿಮೂತ್ರ ಅಂದ ಕೂಡಲೇ ಸಿಟ್ರೇಟ್ ಸಿರಪ್ ಕೊಡುವ ರೂಢಿ ಇದೆ. ನೀರಿಗೆ ಬೆರೆಸಿ ಕುಡಿಯುವ ಸಿಹಿ ಹುಳಿ ಔಷಧಿ. ಉರಿ ಕಡಿಮೆಯಾಗಲಿ ಅಂತ ಕೊಡುತ್ತಾರೆ. ಆದರೆ ನೈಟ್ರೋಫ್ಯುರಾಂಟಾಯಿನ್ ಕೆಲಸ ಮಾಡುವುದು ಮೂತ್ರ ಆಮ್ಲೀಯವಾಗಿದ್ದಾಗ. ಸಿಟ್ರೇಟ್ ಮೂತ್ರವನ್ನು ಕ್ಷಾರೀಯ ಮಾಡುತ್ತದೆ. ಎರಡನ್ನೂ ಒಟ್ಟಿಗೆ ಕುಡಿದರೆ ಮಾತ್ರೆಯ ಕೆಲಸವನ್ನು ಸಿರಪ್ ಹಾಳು ಮಾಡುತ್ತದೆ. ಚೀಟಿಯಲ್ಲಿ ಎರಡೂ ಇದ್ದರೆ ವೈದ್ಯರನ್ನು ಕೇಳಿ, "ಸಿರಪ್ ಬೇಕೇ ಬೇಕಾ?" ಅಂತ. ಉರಿಗೆ ಪ್ಯಾರಾಸಿಟಮಾಲ್, ಬಿಸಿನೀರಿನ ಚೀಲ, ನೀರು ಸಾಕಾಗುತ್ತದೆ. ಮೆಗ್ನೀಸಿಯಂ ಟ್ರೈಸಿಲಿಕೇಟ್ ಇರುವ ಗ್ಯಾಸ್ಟ್ರಿಕ್ ಔಷಧಿಯೂ ಇದರ ಜೊತೆ ಬೇಡ.

ಯಾರು ತೆಗೆದುಕೊಳ್ಳಬಾರದು? ಹುಟ್ಟಿನಿಂದ ಜಿ6ಪಿಡಿ ಎಂಬ ಕಿಣ್ವದ ಕೊರತೆ ಇರುವವರು. ಅವರಿಗೆ ಕೆಂಪು ರಕ್ತಕಣಗಳು ಒಡೆಯುತ್ತವೆ. ಹೆರಿಗೆಗೆ ಹತ್ತಿರವಾದ ಗರ್ಭಿಣಿಯರು, ಅಂದರೆ 38 ವಾರ ಆದ ಮೇಲೆ. ಒಂದು ತಿಂಗಳೊಳಗಿನ ಕೂಸು, ಅಂಥ ಕೂಸಿಗೆ ಹಾಲೂಡುವ ತಾಯಿ. ತಿಂಗಳುಗಟ್ಟಲೆ ತೆಗೆದುಕೊಳ್ಳುವವರಿಗೆ ಶ್ವಾಸಕೋಶ, ಲಿವರ್, ನರಗಳಿಗೆ ತೊಂದರೆ ಬರಬಹುದು. ಒಣಕೆಮ್ಮು, ಏದುಸಿರು, ಕೈಕಾಲು ಜೋಮು ಕಂಡರೆ ನಿಲ್ಲಿಸಿ ವೈದ್ಯರಿಗೆ ತೋರಿಸಿ. ಐದು ದಿನದ ಕೋರ್ಸಿನಲ್ಲಿ ಇದು ಅಪರೂಪ.

ಫಾಸ್ಫೋಮೈಸಿನ್: ಒಂದೇ ಸ್ಯಾಚೆಟ್

3 ಗ್ರಾಂ ಪುಡಿ. ಅರ್ಧ ಲೋಟ ತಣ್ಣೀರಿನಲ್ಲಿ ಕಲಸಿ ಕೂಡಲೇ ಕುಡಿಯಬೇಕು. ಒಂದೇ ಸಲ. ರಾತ್ರಿ ಮಲಗುವ ಮುಂಚೆ, ಊಟವಾಗಿ ಎರಡು ಮೂರು ಗಂಟೆ ಬಿಟ್ಟು, ಮೂತ್ರ ಮಾಡಿ ಬಂದು ಕುಡಿದರೆ ಒಳ್ಳೆಯದು. ರಾತ್ರಿಯೆಲ್ಲಾ ಔಷಧಿ ಮೂತ್ರಕೋಶದಲ್ಲಿ ನಿಲ್ಲುತ್ತದೆ.

ಐದು ದಿನ ಮಾತ್ರೆ ನುಂಗಲು ಮರೆಯುವವರಿಗೆ, ಕೆಲಸದ ಮೇಲೆ ಊರೂರು ತಿರುಗುವವರಿಗೆ, ಸಲ್ಫಾ ಗುಂಪಿನ ಔಷಧಿಗಳಿಗೆ ಅಲರ್ಜಿ ಇರುವವರಿಗೆ ಇದು ಅನುಕೂಲ. ಬೇರೆ ಮಾತ್ರೆಗಳಿಗೆ ಬಗ್ಗದ ಇ. ಕೋಲಿಗೂ ಇದು ಹೆಚ್ಚಾಗಿ ನಾಟುತ್ತದೆ. ಗರ್ಭಿಣಿಯರಿಗೂ ವೈದ್ಯರು ಬರೆಯುತ್ತಾರೆ. ಸ್ವಲ್ಪ ಭೇದಿ ಆಗಬಹುದು. ವಾಂತಿಗೆ ಕೊಡುವ ಮೆಟೊಕ್ಲೋಪ್ರಮೈಡ್ ಜೊತೆ ಕುಡಿದರೆ ಮೂತ್ರದಲ್ಲಿ ಇದರ ಮಟ್ಟ ಇಳಿಯುತ್ತದೆ.

ಹಾಗಾದರೆ ಎಲ್ಲರಿಗೂ ಇದನ್ನೇ ಕೊಡಬಾರದೇಕೆ? ಸ್ವಿಟ್ಜರ್ಲೆಂಡ್, ಪೋಲೆಂಡ್, ಇಸ್ರೇಲ್‌ನ 513 ಮಹಿಳೆಯರ ಮೇಲೆ ಇದನ್ನೂ ನೈಟ್ರೋಫ್ಯುರಾಂಟಾಯಿನ್ ಅನ್ನೂ ಎದುರುಬದುರು ಇಟ್ಟು ನೋಡಿದರು. ಫಲಿತಾಂಶ 2018ರಲ್ಲಿ ಪ್ರಕಟವಾಯಿತು. 28ನೇ ದಿನಕ್ಕೆ ನೈಟ್ರೋಫ್ಯುರಾಂಟಾಯಿನ್ 5 ದಿನ ತೆಗೆದುಕೊಂಡವರಲ್ಲಿ ನೂರಕ್ಕೆ 70 ಮಂದಿ ಪೂರ್ತಿ ಗುಣವಾಗಿದ್ದರು. ಒಂದು ಸಲ ಫಾಸ್ಫೋಮೈಸಿನ್ ಕುಡಿದವರಲ್ಲಿ 58 ಮಂದಿ. ಆ ಅಧ್ಯಯನದಲ್ಲಿ ನೈಟ್ರೋಫ್ಯುರಾಂಟಾಯಿನ್ ದಿನಕ್ಕೆ ಮೂರು ಸಲ ಕೊಟ್ಟಿದ್ದರು ಎಂಬುದನ್ನೂ ಗಮನಿಸಬೇಕು. ಆದರೂ ಈ ಅಂತರ ಸಣ್ಣದಲ್ಲ. ಐದು ದಿನ ಮಾತ್ರೆ ನುಂಗುವ ಶಿಸ್ತು ಇದ್ದು, ಕಿಡ್ನಿ ಚೆನ್ನಾಗಿದ್ದರೆ ನನ್ನ ಮನಸ್ಸು ನೈಟ್ರೋಫ್ಯುರಾಂಟಾಯಿನ್ ಕಡೆಗೇ. ನೀವು ಎರಡನೇ ದಿನ ಉರಿ ನಿಂತ ಕೂಡಲೇ ಮಾತ್ರೆ ಮರೆಯುವವರಾದರೆ ಸ್ಯಾಚೆಟ್ ಬಗ್ಗೆ ವೈದ್ಯರನ್ನು ಕೇಳಿ. ಬೆಲೆ ಜಾಸ್ತಿ, ಅದೂ ಗೊತ್ತಿರಲಿ.

ಸ್ಯಾಚೆಟ್ ಕುಡಿದ ಮರುದಿನ ಬೆಳಿಗ್ಗೆ "ಇನ್ನೂ ಉರಿ ಇದೆ, ಇನ್ನೊಂದು ಕೊಡಿ" ಅಂತ ಬರುವವರಿದ್ದಾರೆ. ಎರಡು ಮೂರು ದಿನ ಕಾಯಬೇಕು. ಔಷಧಿ ಮೂತ್ರದಲ್ಲಿ ಅಷ್ಟು ಹೊತ್ತೂ ಕೆಲಸ ಮಾಡುತ್ತಿರುತ್ತದೆ.

ಕೋ-ಟ್ರೈಮಾಕ್ಸಜೋಲ್: ಹಳೆಯ ಸೆಪ್ಟ್ರಾನ್

ಸೆಪ್ಟ್ರಾನ್, ಬ್ಯಾಕ್ಟ್ರಿಮ್ ಅಂದರೆ ಹಿರಿಯರಿಗೆ ಗೊತ್ತು. ಸೋಂಕು ಇದಕ್ಕೆ ಬಗ್ಗುವುದಾದರೆ ದಿನಕ್ಕೆ ಎರಡು ಸಲ, 3 ದಿನ ಸಾಕು. ಕಿಡ್ನಿಗೂ, ಪ್ರಾಸ್ಟೇಟಿಗೂ ಇಳಿಯುತ್ತದೆ. ಕಷ್ಟ ಏನೆಂದರೆ ಬಗ್ಗುವುದೇ ಕಡಿಮೆಯಾಗಿದೆ. ಒಂದು ಊರಿನಲ್ಲಿ ನೂರರಲ್ಲಿ 20ಕ್ಕಿಂತ ಹೆಚ್ಚು ಸೋಂಕುಗಳು ಇದಕ್ಕೆ ಬಗ್ಗದಿದ್ದರೆ ಕಲ್ಚರ್ (ಮೂತ್ರದ ಬ್ಯಾಕ್ಟೀರಿಯಾ ಬೆಳೆಸಿ ಅದು ಯಾವ ಔಷಧಿಗೆ ಬಗ್ಗುತ್ತದೆ ಅಂತ ನೋಡುವ ಪರೀಕ್ಷೆ) ಇಲ್ಲದೆ ಇದನ್ನು ಬರೆಯಬೇಡಿ ಎನ್ನುತ್ತದೆ ಅಮೆರಿಕದ ಸೋಂಕುರೋಗ ತಜ್ಞರ ಸಂಘದ 2010ರ ಮಾರ್ಗಸೂಚಿ. ನಮ್ಮ ದೇಶ ಆ ಗೆರೆಯನ್ನು ಎಂದೋ ದಾಟಿದೆ. ಹಾಗಾಗಿ ಕಲ್ಚರ್ ವರದಿಯಲ್ಲಿ ಇದರ ಮುಂದೆ ಎಸ್, ಅಂದರೆ ಬಗ್ಗುತ್ತದೆ ಅಂತ ಇದ್ದರೆ ಮಾತ್ರ.

ಬಿಪಿ ಮಾತ್ರೆ ತೆಗೆದುಕೊಳ್ಳುವ ಹಿರಿಯರು ಇಲ್ಲಿ ನಿಂತು ಓದಿ. ಟೆಲ್ಮಿಸಾರ್ಟನ್, ಲೋಸಾರ್ಟನ್, ಎನಾಲಪ್ರಿಲ್, ರಾಮಿಪ್ರಿಲ್, ಸ್ಪೈರೊನೊಲ್ಯಾಕ್ಟೋನ್ ಇವೆಲ್ಲ ರಕ್ತದಲ್ಲಿ ಪೊಟ್ಯಾಸಿಯಂ ಹಿಡಿದಿಡುತ್ತವೆ. ಕೋ-ಟ್ರೈಮಾಕ್ಸಜೋಲ್ ಕೂಡ ಅದನ್ನೇ ಮಾಡುತ್ತದೆ. ಎರಡೂ ಸೇರಿದರೆ ಪೊಟ್ಯಾಸಿಯಂ ಏರಿ ಹೃದಯದ ಬಡಿತ ಕೆಡಬಹುದು. ಕೆನಡಾದ ಒಂಟಾರಿಯೋದಲ್ಲಿ ಹಿರಿಯರ ಮೇಲೆ ನಡೆದು 2010ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಇಂಥ ಬಿಪಿ ಮಾತ್ರೆಯ ಜೊತೆ ಇದನ್ನು ತೆಗೆದುಕೊಂಡವರು ಪೊಟ್ಯಾಸಿಯಂ ಏರಿ ಆಸ್ಪತ್ರೆ ಸೇರುವ ಅಪಾಯ ಸುಮಾರು 7 ಪಟ್ಟು ಕಂಡಿತು. ಉರಿಗೆ ಒಳ್ಳೆಯದು ಅಂತ ಅದರ ಮೇಲೆ ದಿನಕ್ಕೆ ಮೂರು ಎಳನೀರು ಬೇರೆ ಕುಡಿದರೆ? ಎಳನೀರಿನಲ್ಲೂ ಪೊಟ್ಯಾಸಿಯಂ ತುಂಬಾ ಇದೆ. ಈ ಮಾತ್ರೆ ನಡೆಯುವಾಗ ಅಂಥವರಿಗೆ ಬರೀ ನೀರು ಸಾಕು.

ಸಲ್ಫಾ ಅಲರ್ಜಿ ಇರುವವರು ಇದನ್ನು ಮುಟ್ಟಬಾರದು. ಚರ್ಮದಲ್ಲಿ ದದ್ದು, ಬಾಯಿ ಹುಣ್ಣು, ಕಣ್ಣು ಕೆಂಪು ಕಂಡರೆ ಮುಂದಿನ ಮಾತ್ರೆ ನುಂಗದೆ ಆಸ್ಪತ್ರೆಗೆ ಹೋಗಿ. ಕೀಲುವಾತಕ್ಕೆ ಮೆಥೊಟ್ರೆಕ್ಸೇಟ್ ತೆಗೆದುಕೊಳ್ಳುವವರಿಗೆ ಇದು ಅಪಾಯಕಾರಿ. ರಕ್ತ ತೆಳುಮಾಡುವ ವಾರ್ಫರಿನ್ ಜೊತೆ ರಕ್ತಸ್ರಾವದ ಭಯ. ಗರ್ಭದ ಮೊದಲ ಮೂರು ತಿಂಗಳು ಮತ್ತು ಹೆರಿಗೆಯ ಹತ್ತಿರ ಬೇಡ.

"ಫ್ಲಾಕ್ಸಾಸಿನ್" ಗುಂಪು: ಜನ ಪವರ್ ಅನ್ನುವುದು ಇದನ್ನೇ

ನಾರ್ಫ್ಲಾಕ್ಸಾಸಿನ್, ಸಿಪ್ರೋಫ್ಲಾಕ್ಸಾಸಿನ್, ಓಫ್ಲಾಕ್ಸಾಸಿನ್, ಲಿವೋಫ್ಲಾಕ್ಸಾಸಿನ್. ಭೇದಿಗೂ ಇದೇ, ಉರಿಮೂತ್ರಕ್ಕೂ ಇದೇ ಅಂತ ಎಷ್ಟೋ ಮನೆಗಳ ಡಬ್ಬಿಯಲ್ಲಿ ಅರ್ಧ ಸ್ಟ್ರಿಪ್ ಇರುತ್ತದೆ.

ನನ್ನ ಅಮ್ಮನ ಡಬ್ಬಿಯಲ್ಲೂ ಇತ್ತು. ಅವರು ಊರಿನಲ್ಲಿರುತ್ತಾರೆ. ಒಂದು ಬೇಸಿಗೆಯಲ್ಲಿ ಉರಿ ಶುರುವಾಗಿದೆ, ನನಗೆ ಹೇಳಲು ಸಂಕೋಚ. ಹಿಂದೆ ಭೇದಿಗೆ ತಂದಿದ್ದ ನಾರ್ಫ್ಲಾಕ್ಸಾಸಿನ್ ಉಳಿದಿತ್ತು. ರಾತ್ರಿ ಹಾಲಿನ ಜೊತೆ ನುಂಗಿದ್ದಾರೆ. ಮೂರು ದಿನ ಹಾಗೇ. ನಾಲ್ಕನೇ ದಿನ ಚಳಿ ನಡುಕ, ಜ್ವರ. ಆಸ್ಪತ್ರೆಗೆ ಸೇರಿಸಿ ಮೂತ್ರದ ಕಲ್ಚರ್ ಮಾಡಿಸಿದೆವು. ಇ. ಕೋಲಿ. ನಾರ್ಫ್ಲಾಕ್ಸಾಸಿನ್ ಮುಂದೆ ಆರ್, ಅಂದರೆ ಬಗ್ಗುವುದಿಲ್ಲ. ನೈಟ್ರೋಫ್ಯುರಾಂಟಾಯಿನ್ ಮುಂದೆ ಎಸ್. ಮೂರು ದಿನ ಮೊದಲೇ ಅದನ್ನು ಕೊಟ್ಟಿದ್ದರೆ ಬಹುಶಃ ಅಷ್ಟಕ್ಕೇ ಮುಗಿಯುತ್ತಿತ್ತು. ಆದರೆ ಅಷ್ಟು ಹೊತ್ತಿಗೆ ಸೋಂಕು ಕಿಡ್ನಿಗೆ ಏರಿತ್ತು, ಆ ಮಾತ್ರೆ ಅಲ್ಲಿಗೆ ತಲುಪುವುದಿಲ್ಲ. ಒಂದು ವಾರ ಇಂಜೆಕ್ಷನ್ ಆಯಿತು. ಆ ವರದಿ ಹಿಡಿದು ವಾರ್ಡಿನ ಹೊರಗೆ ಕೂತಿದ್ದು ನನಗೆ ಇವತ್ತಿಗೂ ನೆನಪಿದೆ.

ಎರಡು ತಪ್ಪು ಅಲ್ಲಿ ಸೇರಿದ್ದವು. ಮೊದಲನೆಯದು ಮಾತ್ರೆಯದೇ. ಐಸಿಎಂಆರ್ ಮಾಹಿತಿಯಲ್ಲಿ ಇ. ಕೋಲಿಯ ಅರ್ಧಕ್ಕಿಂತ ಹೆಚ್ಚು ಮಾದರಿಗಳು ಸಿಪ್ರೋಫ್ಲಾಕ್ಸಾಸಿನ್‌ಗೆ ಬಗ್ಗುವುದಿಲ್ಲ. ಆ ಮಾದರಿಗಳು ದೊಡ್ಡ ಆಸ್ಪತ್ರೆಗಳದ್ದು, ಊರಲ್ಲಿ ಸ್ಥಿತಿ ಸ್ವಲ್ಪ ಮೇಲಿರಬಹುದು. ಆದರೂ ನಾಣ್ಯ ಚಿಮ್ಮಿ ನೋಡಿದ ಹಾಗೆ ಔಷಧಿ ಕೊಡಲಾಗುವುದಿಲ್ಲ ಅಲ್ವಾ? ಎರಡನೆಯದು ಹಾಲು. ಹಾಲು, ಮೊಸರು, ಹಾಲು ಹಾಕಿದ ರಾಗಿ ಮಾಲ್ಟ್, ಕ್ಯಾಲ್ಸಿಯಂ ಮಾತ್ರೆ, ಕಬ್ಬಿಣದ ಮಾತ್ರೆ, ಗ್ಯಾಸ್ಟ್ರಿಕ್ ಸಿರಪ್ ಇವುಗಳಲ್ಲಿರುವ ಲೋಹಗಳು ಈ ಗುಂಪಿನ ಔಷಧಿಯನ್ನು ಹೊಟ್ಟೆಯಲ್ಲೇ ಕಟ್ಟಿಹಾಕುತ್ತವೆ. ರಕ್ತಕ್ಕೆ ಹೋಗುವುದೇ ಅರೆಬರೆ. ವೈದ್ಯರೇ ಸಿಪ್ರೋಫ್ಲಾಕ್ಸಾಸಿನ್ ಬರೆದಿದ್ದರೂ ಇವುಗಳಿಗಿಂತ 2 ಗಂಟೆ ಮೊದಲು ಅಥವಾ 6 ಗಂಟೆ ನಂತರ ನೀರಿನಲ್ಲಿ ನುಂಗಿ.

ಅಡ್ಡಪರಿಣಾಮಗಳೂ ಸಣ್ಣವಲ್ಲ. 2008ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಈ ಗುಂಪಿಗೆ, ಸ್ನಾಯುವನ್ನು ಮೂಳೆಗೆ ಕಟ್ಟುವ ಸ್ನಾಯುರಜ್ಜು ಹರಿಯುವ ಬಗ್ಗೆ ತನ್ನ ಅತಿ ಗಂಭೀರ ಎಚ್ಚರಿಕೆ ಹಾಕಿತು. ಹಿಮ್ಮಡಿಯ ಮೇಲಿನ ದಪ್ಪ ನರದಂತಿರುವ ಭಾಗಕ್ಕೆ ಹೆಚ್ಚು ಅಪಾಯ. 60 ದಾಟಿದವರಿಗೆ, ಸ್ಟೆರಾಯ್ಡ್ ತೆಗೆದುಕೊಳ್ಳುವವರಿಗೆ ಇನ್ನೂ ಜಾಸ್ತಿ. 2016ರಲ್ಲಿ ಅದೇ ಸಂಸ್ಥೆ ಇನ್ನೂ ನೇರವಾಗಿ ಹೇಳಿತು: ಸಾಮಾನ್ಯ ಮೂತ್ರಕೋಶದ ಸೋಂಕಿಗೆ ಬೇರೆ ಔಷಧಿ ಇದ್ದರೆ ಇವನ್ನು ಬಳಸಬೇಡಿ. 2018ರಲ್ಲಿ ರಕ್ತದ ಸಕ್ಕರೆ ಕುಸಿಯುವ ಬಗ್ಗೆ, ಗೊಂದಲ, ಮರೆವಿನ ಬಗ್ಗೆ ಎಚ್ಚರಿಕೆ ಬಿಗಿ ಮಾಡಿತು. ಗ್ಲಿಮೆಪಿರೈಡ್, ಗ್ಲೈಬೆನ್‌ಕ್ಲಮೈಡ್ ತೆಗೆದುಕೊಳ್ಳುವ ಸಕ್ಕರೆ ಕಾಯಿಲೆಯವರಿಗೆ ಈ ಮಾತು ಮುಖ್ಯ. ಸೊಂಟನೋವಿಗೆ ಕೊಡುವ ಟಿಜಾನಿಡಿನ್ ಜೊತೆ ಸಿಪ್ರೋಫ್ಲಾಕ್ಸಾಸಿನ್ ಸೇರಲೇಬಾರದು.

ನಮ್ಮ ದೇಶಕ್ಕೆ ಇನ್ನೊಂದು ಕಾರಣವೂ ಇದೆ. ಈ ಗುಂಪಿನ ಕೆಲವು ಔಷಧಿಗಳು ಕ್ಷಯದ ಬ್ಯಾಕ್ಟೀರಿಯಾವನ್ನೂ ಅರ್ಧಂಬರ್ಧ ಅಡಗಿಸುತ್ತವೆ. ಮೂತ್ರದಲ್ಲಿ ಕೀವು ಕಣಗಳು ಇವೆ, ಆದರೆ ಕಲ್ಚರ್‌ನಲ್ಲಿ ಪ್ರತಿ ಸಲ ಏನೂ ಬೆಳೆಯುತ್ತಿಲ್ಲ ಅಂದರೆ ಮೂತ್ರಾಂಗದ ಕ್ಷಯ ಇರಬಹುದು ಅಂತ ವೈದ್ಯರು ಯೋಚಿಸುತ್ತಾರೆ. ಅಂಥವರು ಸುಮ್ನೆ "ಫ್ಲಾಕ್ಸಾಸಿನ್" ನುಂಗುತ್ತಿದ್ದರೆ ನಿಜವಾದ ಕಾಯಿಲೆ ಪತ್ತೆಯಾಗುವುದು ತಡವಾಗುತ್ತದೆ.

ಇಷ್ಟು ಹೇಳಿದರೂ ಈ ಔಷಧಿಗಳಿಗೆ ಜಾಗವಿದೆ. ಕಲ್ಚರ್‌ನಲ್ಲಿ ಎಸ್ ಬಂದ ಕಿಡ್ನಿ ಸೋಂಕಿಗೆ, ಪ್ರಾಸ್ಟೇಟ್ ಸೋಂಕಿಗೆ ಇವು ಬಹಳ ಒಳ್ಳೆಯವು. ಅಲ್ಲಿಗಾಗಿಯೇ ಇವನ್ನು ಉಳಿಸಿಕೊಳ್ಳಬೇಕು.

ಸೆಫಿಕ್ಸಿಮ್ ಮತ್ತು ಅದರ ಬಳಗ

ಸೆಫಿಕ್ಸಿಮ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಇಎಸ್‌ಬಿಎಲ್ ಎಂಬ ಕಿಣ್ವ ಮಾಡುವ ಇ. ಕೋಲಿ ನಮ್ಮಲ್ಲಿ ತುಂಬಾ ಹರಡಿದೆ, ಅದು ಈ ಔಷಧಿಯನ್ನು ಒಡೆದುಹಾಕುತ್ತದೆ. ಕಲ್ಚರ್ ಇಲ್ಲದೆ ಕೊಟ್ಟರೆ ಕೆಲಸ ಮಾಡದಿರುವ ಸಂಭವವೇ ಜಾಸ್ತಿ. ಸೆಫಲೆಕ್ಸಿನ್, ಅಮಾಕ್ಸಿಸಿಲಿನ್-ಕ್ಲಾವುಲನೇಟ್ ಗರ್ಭಿಣಿಯರಿಗೆ ಸುರಕ್ಷಿತ, ಕಲ್ಚರ್ ಒಪ್ಪಿದರೆ ಒಳ್ಳೆಯ ಆಯ್ಕೆ. ಪೆನ್ಸಿಲಿನ್ ಅಲರ್ಜಿ ಇದ್ದರೆ ಮೊದಲೇ ಹೇಳಿ.

ಸೆಫಿಕ್ಸಿಮ್, ಲಿವೋಫ್ಲಾಕ್ಸಾಸಿನ್ ಎರಡೂ ಸರ್ಕಾರದ ಔಷಧ ನಿಯಮಗಳ ಎಚ್1 ಪಟ್ಟಿಯಲ್ಲಿವೆ. 2014ರ ಮಾರ್ಚ್‌ನಿಂದ ಜಾರಿಯಲ್ಲಿರುವ ಆ ನಿಯಮದ ಪ್ರಕಾರ ಚೀಟಿ ಇಲ್ಲದೆ ಕೊಡುವಂತಿಲ್ಲ. ಯಾರು ಬರೆದರು, ಯಾರಿಗೆ ಕೊಟ್ಟೆವು ಅಂತ ನಾವು ಪುಸ್ತಕದಲ್ಲಿ ಬರೆದು 3 ವರ್ಷ ಇಡಬೇಕು. ನಾನು ಚೀಟಿ ಕೇಳಿದಾಗ ಬೇಸರ ಮಾಡಿಕೊಳ್ಳಬೇಡಿ. ಸ್ಟ್ರಿಪ್ಪಿನ ಮೇಲೆ ಕೆಂಪು ಗೆರೆ ಇದೆಯಾ ನೋಡಿ. ಅದು ಇದ್ದರೆ ಚೀಟಿ ಬೇಕೇ ಬೇಕು.

ನೀವು ಯಾರು ಎಂಬುದರ ಮೇಲೆ

ಗರ್ಭಿಣಿಯರಿಗೆ ನಿಯಮವೇ ಬೇರೆ. ಉರಿ ಇಲ್ಲದಿದ್ದರೂ ಮೂತ್ರದಲ್ಲಿ ಬ್ಯಾಕ್ಟೀರಿಯಾ ಕಂಡರೆ ಚಿಕಿತ್ಸೆ ಬೇಕು. ಬಿಟ್ಟರೆ ಕಿಡ್ನಿ ಸೋಂಕು ಆಗಬಹುದು, ಅವಧಿಗೆ ಮುಂಚೆ ಹೆರಿಗೆ ಆಗಬಹುದು. "ಫ್ಲಾಕ್ಸಾಸಿನ್" ಗುಂಪು ಬೇಡ. ಔಷಧಿ ಮುಗಿದ ಮೇಲೆ ಮತ್ತೆ ಕಲ್ಚರ್ ಮಾಡಿಸಿ.

ಉಳಿದವರಿಗೆ ಇದು ತಿರುಗುಮುರುಗು. ಉರಿ ಇಲ್ಲ, ಜ್ವರ ಇಲ್ಲ, ಯಾವುದೋ ಹೆಲ್ತ್ ಚೆಕಪ್ಪಿನಲ್ಲಿ ಬ್ಯಾಕ್ಟೀರಿಯಾ ಕಂಡಿತು. ಸಕ್ಕರೆ ಕಾಯಿಲೆ ಇದ್ದರೂ, ವಯಸ್ಸಾಗಿದ್ದರೂ, ಮೂತ್ರಕ್ಕೆ ನಳಿಕೆ (ಕ್ಯಾಥೆಟರ್) ಹಾಕಿದ್ದರೂ ಸಾಮಾನ್ಯವಾಗಿ ಇದಕ್ಕೆ ಆ್ಯಂಟಿಬಯೋಟಿಕ್ ಬೇಡ. ಮೂತ್ರಾಂಗದ ಆಪರೇಷನ್ ಇದ್ದರೆ ಮಾತ್ರ ಬೇಕಾಗಬಹುದು. ವರದಿಗೆ ಮಾತ್ರೆ ಕೊಡಬಾರದು, ಮನುಷ್ಯನಿಗೆ ಕೊಡಬೇಕು. ಅಜ್ಜ ಅಜ್ಜಿಯರು ವರ್ಷಕ್ಕೆ ಐದಾರು ಕೋರ್ಸ್ ಸುಮ್ನೆ ನುಂಗುವುದನ್ನು ನಾನು ನೋಡಿದ್ದೇನೆ. ನಿಜವಾದ ಸೋಂಕು ಬಂದಾಗ ಅವರಿಗೆ ಒಂದು ಮಾತ್ರೆಯೂ ನಾಟುವುದಿಲ್ಲ.

ಗಂಡಸರಿಗೆ 3 ದಿನದ ಕೋರ್ಸ್ ಸಾಲದು, ಸಾಮಾನ್ಯವಾಗಿ 7 ದಿನ. ಪ್ರಾಸ್ಟೇಟ್ ಸೇರಿದ್ದರೆ ವಾರಗಟ್ಟಲೆ. ಮಕ್ಕಳಿಗೆ ಕಾರಣ ಗೊತ್ತಾಗದ ಜ್ವರ ಬಂದರೆ ಮೂತ್ರ ಪರೀಕ್ಷೆ ಮಾಡಿಸಿ, ಮನೆಯಲ್ಲಿ ದೊಡ್ಡವರ ಮಾತ್ರೆ ಅರ್ಧ ಮಾಡಿ ಕೊಡಬೇಡಿ.

ಮೊದಲ ಮಾತ್ರೆಗೆ ಮುಂಚೆ ಒಂದು ಡಬ್ಬಿ

ಆರೋಗ್ಯವಂತ ಹೆಂಗಸಿಗೆ ಮೊದಲ ಸಲ ಉರಿ ಬಂದರೆ ಕಲ್ಚರ್ ಇಲ್ಲದೆ ಚಿಕಿತ್ಸೆ ಶುರು ಮಾಡಬಹುದು. ಮತ್ತೆ ಮತ್ತೆ ಬರುತ್ತಿದ್ದರೆ, ಗರ್ಭಿಣಿಯಾಗಿದ್ದರೆ, ಗಂಡಸಾದರೆ, ಜ್ವರವಿದ್ದರೆ, ಹಿಂದಿನ ಮಾತ್ರೆ ಕೆಲಸ ಮಾಡದಿದ್ದರೆ ಕಲ್ಚರ್ ಬೇಕು. ಮೂತ್ರ ಕೊಡುವುದು ಮೊದಲು, ಮಾತ್ರೆ ಆಮೇಲೆ. ತೊಳೆದುಕೊಂಡು, ಮೊದಲ ಸ್ವಲ್ಪ ಮೂತ್ರ ಬಿಟ್ಟು, ನಡುವಿನದನ್ನು ಲ್ಯಾಬ್ ಕೊಟ್ಟ ಶುದ್ಧ ಡಬ್ಬಿಯಲ್ಲಿ ಹಿಡಿಯಿರಿ. 2 ಗಂಟೆಯೊಳಗೆ ತಲುಪಿಸಿ, ಆಗದಿದ್ದರೆ ಫ್ರಿಜ್ಜಿನಲ್ಲಿಡಿ. ಹೊರಗೆ ಬಿಟ್ಟರೆ ಬ್ಯಾಕ್ಟೀರಿಯಾ ಡಬ್ಬಿಯಲ್ಲೇ ಹೆಚ್ಚಿ ವರದಿ ತಪ್ಪಾಗುತ್ತದೆ.

ವರದಿಗೆ ಎರಡು ಮೂರು ದಿನ ಬೇಕು. ಅದರಲ್ಲಿ ಔಷಧಿಗಳ ಮುಂದೆ ಎಂಐಸಿ ಅಂತ ಸಂಖ್ಯೆಗಳಿರುತ್ತವೆ, ಅಂದರೆ ಬ್ಯಾಕ್ಟೀರಿಯಾ ಬೆಳೆಯದಂತೆ ತಡೆಯಲು ಬೇಕಾದ ಕನಿಷ್ಠ ಔಷಧಿಯ ಅಳತೆ. ಕಡಿಮೆ ಸಂಖ್ಯೆಯ ಔಷಧಿಯೇ ಒಳ್ಳೆಯದು ಅಂತ ಅಂದುಕೊಳ್ಳಬೇಡಿ. ಪ್ರತಿ ಔಷಧಿಗೂ ಅಳತೆ ಬೇರೆ, ಒಂದಕ್ಕೊಂದು ಹೋಲಿಸುವಂತಿಲ್ಲ. ಎಸ್ ಇರುವ ಔಷಧಿಗಳಲ್ಲಿ ಸೋಂಕಿನ ಜಾಗಕ್ಕೆ ತಲುಪುವಂಥದ್ದು, ನಿಮ್ಮ ದೇಹಕ್ಕೆ ಒಗ್ಗುವಂಥದ್ದು ಯಾವುದು ಅಂತ ವೈದ್ಯರು ನೋಡುತ್ತಾರೆ. ಆ ವರದಿಯ ಫೋಟೋ ಫೋನಿನಲ್ಲಿ ಇಟ್ಟುಕೊಳ್ಳಿ. ಮುಂದಿನ ಸಲ ಹೊಸ ಕಲ್ಚರ್ ಬರುವವರೆಗೆ ಅದೇ ದಾರಿ ತೋರಿಸುತ್ತದೆ.

ಮಾತ್ರೆ ಶುರು ಮಾಡಿ 48 ಗಂಟೆಯಾದರೂ ಉರಿ ಇಳಿಯದಿದ್ದರೆ ವೈದ್ಯರ ಬಳಿ ಮತ್ತೆ ಹೋಗಿ. ಜ್ವರ ಬಂದರೆ ಅಷ್ಟೂ ಕಾಯಬೇಡಿ. ಒಂದು ಹೊತ್ತು ಮರೆತರೆ ನೆನಪಾದಾಗ ನುಂಗಿ, ಎರಡು ಒಟ್ಟಿಗೆ ಬೇಡ. ಬರೆದಷ್ಟು ದಿನ ಮುಗಿಸಿ, ಅದಕ್ಕಿಂತ ಹೆಚ್ಚೂ ಬೇಡ.

ಮತ್ತೆ ಮತ್ತೆ ಬರುವವರು ನೀರಿನ ಕಡೆ ನೋಡಿ. ಕಡಿಮೆ ನೀರು ಕುಡಿಯುತ್ತಿದ್ದ, ಪದೇ ಪದೇ ಸೋಂಕು ಬರುತ್ತಿದ್ದ 140 ಮಹಿಳೆಯರಲ್ಲಿ ಅರ್ಧ ಜನರಿಗೆ ದಿನಕ್ಕೆ ಒಂದೂವರೆ ಲೀಟರ್ ನೀರು ಹೆಚ್ಚಿಗೆ ಕುಡಿಸಿದರು. ಒಂದು ವರ್ಷದಲ್ಲಿ ಅವರಿಗೆ ಸರಾಸರಿ 1.7 ಸಲ ಸೋಂಕು ಬಂತು, ಉಳಿದವರಿಗೆ 3.2 ಸಲ. ಬಸ್ಸಿನ ಪ್ರಯಾಣ, ಕೊಳಕು ಶೌಚಾಲಯ ಅಂತ ನಮ್ಮ ಹೆಂಗಸರು ನೀರೇ ಕುಡಿಯದೆ ದಿನ ಕಳೆಯುತ್ತಾರೆ. ಅದು ಅವರ ತಪ್ಪಲ್ಲ, ನಮ್ಮ ಊರುಗಳದ್ದು. ಹೃದಯ ಅಥವಾ ಕಿಡ್ನಿ ಕಾಯಿಲೆಗೆ ನೀರು ಮಿತಿ ಮಾಡಿದ್ದರೆ ಮಾತ್ರ ವೈದ್ಯರನ್ನು ಕೇಳಿ ಹೆಚ್ಚಿಸಿ.

ಮುಟ್ಟು ನಿಂತವರಿಗೆ ಯೋನಿಗೆ ಹಚ್ಚುವ ಈಸ್ಟ್ರೋಜನ್ ಕ್ರೀಮ್ ಇದೆ. ಮುಟ್ಟು ನಿಂತ ಮೇಲೆ ಅಲ್ಲಿನ ಒಳ್ಳೆಯ ಬ್ಯಾಕ್ಟೀರಿಯಾ ಕಡಿಮೆಯಾಗುತ್ತದೆ, ಅದನ್ನು ಈ ಕ್ರೀಮ್ ಮತ್ತೆ ತರುತ್ತದೆ. ಸೋಂಕು ಮರುಕಳಿಸುವುದು ಇಳಿಯುತ್ತದೆ. ಸ್ತ್ರೀರೋಗ ತಜ್ಞರು ಅಮ್ಮನಿಗೆ ಇದನ್ನು ಶುರು ಮಾಡಿದರು. ಈ ವರ್ಷ ಅವರಿಗೆ ಒಂದೇ ಸಲ ಉರಿ ಬಂದಿದೆ. ಅವತ್ತು ಬೆಳಿಗ್ಗೆಯೇ ನನಗೆ ಫೋನ್ ಮಾಡಿದರು. ಮೊದಲು ಡಬ್ಬಿ ಲ್ಯಾಬಿಗೆ ಹೋಯಿತು, ಆಮೇಲೆ ವೈದ್ಯರ ಚೀಟಿ, ಆಮೇಲೆ ಊಟದ ಜೊತೆ ಮೊದಲ ಮಾತ್ರೆ.